ಅಜ್ಜಿಯ ಅಡುಗೆಮನೆಗೆ ಹೋಗುವ ಲಿಂಕ್

ಕಳೆದ ತಿಂಗಳು ನನ್ನ ತಂಗಿಯ ಮಗಳು ಫೋನ್ ಮಾಡಿದಳು. ಯಾವುದೋ ರೆಸಿಡೆನ್ಸಿಗೆ ಅರ್ಜಿ ಹಾಕುತ್ತಿದ್ದಾಳೆ. ಹಿಂದಿನ ಪ್ರದರ್ಶನಗಳ ವಿವರ ಕೊಡಬೇಕಂತೆ, ಅವುಗಳ ಬಗ್ಗೆ ಯಾರಾದರೂ ಬರೆದಿದ್ದರೆ ಅದನ್ನೂ ಲಗತ್ತಿಸಬೇಕಂತೆ. ‘ದೊಡ್ಡಮ್ಮ, ನೀನು ಬಂದಿದ್ಯಲ್ಲ ನಮ್ಮ ಶೋಗೆ. ಏನಾದ್ರೂ ಬರೆದಿದ್ಯಾ?’ ಎಂದು ಕೇಳಿದಳು.

ಬರೆದಿರಲಿಲ್ಲ. ಇಪ್ಪತ್ತು ವರ್ಷಗಳಿಂದ ಚಿತ್ರಪ್ರದರ್ಶನಗಳ ಬಗ್ಗೆ ಬರೆಯುತ್ತ ಬಂದಿದ್ದೇನೆ. ಅವಳ ಆ ಪ್ರದರ್ಶನಕ್ಕೆ ಮಾತ್ರ ನಾನು ಹೋಗಿದ್ದು ದೊಡ್ಡಮ್ಮನಾಗಿ. ‘ಹೋಗಿದ್ದೆ’ ಎನ್ನುವುದಾದರೂ ಹೇಗೆ? ಊಟದ ಮೇಜಿನ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು, ಪಕ್ಕದಲ್ಲಿ ಕಾಫಿ ಲೋಟ ಇಟ್ಟುಕೊಂಡು, ಒಂದು ಲಿಂಕ್ ಒತ್ತಿದ್ದೆ. ಅದು ಪ್ರದರ್ಶನವೆಂದು ಆಗ ನನ್ನ ಮನಸ್ಸು ಒಪ್ಪಿರಲಿಲ್ಲ.

ಫೋನ್ ಇಟ್ಟ ಮೇಲೆ ಆ ಲಿಂಕ್ ಹುಡುಕಿ ಒತ್ತಿದೆ. ಪುಟ ಸಿಗಲಿಲ್ಲ. ಆ ಕೋಣೆಯನ್ನು ನಡೆಸುತ್ತಿದ್ದ ಕಂಪನಿ ಯಾವಾಗಲೋ ಅಂಗಡಿ ಮುಚ್ಚಿಕೊಂಡು ಹೋಗಿದೆ. ಅದರ ಹೆಸರು ಇಲ್ಲಿ ಬೇಡ. ಈ ಬರಹದಲ್ಲಿ ಮುಂದೆ ಬರುವ ಯಾವ ಹೆಸರೂ ಅದಲ್ಲ. ಹುಡುಗಿಯ ಹತ್ತಿರ ಉಳಿದಿರುವುದು ಸ್ಕ್ರೀನ್ ರೆಕಾರ್ಡ್ ಮಾಡಿದ ನಾಲ್ಕು ನಿಮಿಷದ ವಿಡಿಯೋ ಒಂದೇ.

ಹಾಗಾಗಿ ಇದು ತಡವಾಗಿ ಬರೆಯುತ್ತಿರುವ ವಿಮರ್ಶೆ.

*

2021ರ ಮಳೆಗಾಲ. ಕೊರೊನಾದ ಎರಡನೇ ಅಲೆ ಇಳಿಯುತ್ತಿತ್ತು, ಕಾಲೇಜಿನ ಬಾಗಿಲು ತೆರೆದಿರಲಿಲ್ಲ. ಬಿವಿಎ ಕೊನೆಯ ವರ್ಷದ ಮಕ್ಕಳು ತಮ್ಮ ಪ್ರದರ್ಶನವನ್ನು ವರ್ಚುವಲ್ ಕೋಣೆಯೊಂದರಲ್ಲಿ ಏರ್ಪಡಿಸಿದ್ದರು. ವಿಆರ್ ಹೆಡ್‌ಸೆಟ್ ಇದ್ದವರು ಅದನ್ನು ಕಣ್ಣಿಗೆ ಕಟ್ಟಿಕೊಂಡು ಒಳಗೇ ನಿಲ್ಲಬಹುದು. ಇಲ್ಲದವರು ಫೋನಿನಲ್ಲೋ ಕಂಪ್ಯೂಟರಿನಲ್ಲೋ ಬೆರಳಾಡಿಸುತ್ತ ಓಡಾಡಬಹುದು. ಬಂದಿದ್ದ ಇಪ್ಪತ್ತು ಚಿಲ್ಲರೆ ಜನರಲ್ಲಿ ಹೆಡ್‌ಸೆಟ್ ಇದ್ದದ್ದು ಇಬ್ಬರಿಗೆ. ನನಗೆ ನೀಲಿ ಬಣ್ಣದ ಬೊಂಬೆಯ ಅವತಾರ ಸಿಕ್ಕಿತು. ಸಾಗರದ ಮನೆಯಿಂದ ಅಮ್ಮ ತಂಗಿಯ ಫೋನ್ ಹಿಡಿದು ಬಂದಿದ್ದಳು, ಅವಳಿಗೆ ಸಿಕ್ಕಿದ್ದು ನರಿ. ‘ಎಂತ ಮಾರಾಯ್ತಿ, ನನ್ನ ನರಿ ಮಾಡಿಟ್ಟಿದೀರಿ’ ಎಂದು ಅವಳು ಹೇಳಿದ್ದು ಮೈಕ್ ತೆರೆದೇ ಇದ್ದುದರಿಂದ ಪ್ರಾಧ್ಯಾಪಕರಿಗೂ ಕೇಳಿಸಿತು.

ಒಳಗೆ ಹೋದರೆ ಉದ್ದನೆಯ ಬಿಳಿ ಗೋಡೆಗಳು. ಗೋಡೆಯ ಮೇಲೆ ಸಾಲಾಗಿ ಚಿತ್ರಗಳು. ಮೇಲೆ ಉರಿಯುವ ದೀಪಗಳು, ನೆಲದಲ್ಲಿ ಮರದ ಹಲಗೆಯ ಗುರುತು, ಮೂಲೆಯಲ್ಲಿ ಕುಂಡದ ಗಿಡ, ನಡುವೆ ಒಂದು ಬೆಂಚು. ಆ ಬೆಂಚು ನೋಡಿ ನನಗೆ ನಗು ಬಂತು. ಕೂರಲು ಸೊಂಟವೇ ಇಲ್ಲದ ಬೊಂಬೆಗಳಿಗೆ ಬೆಂಚು ಯಾಕೆ?

ನಿಜವಾದ ಗ್ಯಾಲರಿಯಲ್ಲಿ ಇವಕ್ಕೆಲ್ಲ ಕಾರಣವಿದೆ. ಚಿತ್ರ ಭಾರವಿರುತ್ತದೆ, ಅದಕ್ಕೆ ಗೋಡೆ ಬೇಕು. ಮಳೆ, ಧೂಳು, ಕಳ್ಳರಿಂದ ಕಾಯಬೇಕು. ನಿಂತು ನಿಂತು ಕಾಲು ನೋಯುತ್ತದೆ. ಪಕ್ಕದ ಬಣ್ಣ ಕಣ್ಣು ಕೆಡಿಸದಿರಲಿ ಎಂದು ಗೋಡೆಗೆ ಬಿಳಿ ಹೊಡೆಯುತ್ತಾರೆ. ಕಳೆದ ಶತಮಾನದಲ್ಲಿ ಬೇರೂರಿದ ಈ ಪದ್ಧತಿ ಈಗ ಲೋಕದ ತುಂಬ ಗ್ಯಾಲರಿಯ ಗುರುತೇ ಆಗಿಬಿಟ್ಟಿದೆ. ವರ್ಚುವಲ್ ಲೋಕದಲ್ಲಿ ಭಾರವಿಲ್ಲ, ಮಳೆಯಿಲ್ಲ, ಕಾಲಿಲ್ಲ. ಆದರೂ ನಾವು ಗೋಡೆಯನ್ನು ಹೊತ್ತುಕೊಂಡೇ ಅಲ್ಲಿಗೆ ಹೋಗುತ್ತೇವೆ.

ನಮ್ಮ ಹುಡುಗಿಯ ಕೃತಿ ಗೋಡೆಯ ಮೇಲಿರಲಿಲ್ಲ. ಕೊನೆಯ ಮೂಲೆಯಲ್ಲೊಂದು ಬಾಗಿಲು ಇತ್ತು. ದಾಟಿದರೆ ನೇರ ನಮ್ಮ ಸಾಗರದ ಮನೆಯ ಅಡುಗೆಮನೆ.

ಲಾಕ್‌ಡೌನಿನಲ್ಲಿ ಊರಿಗೆ ಹೋಗಿ ಕೂತಿದ್ದಾಗ ಅವಳು ಫೋನಿನಲ್ಲಿ ಆ ಅಡುಗೆಮನೆಯ ನೂರಾರು ಫೋಟೋ ತೆಗೆದಿದ್ದಳು. ಇದಕ್ಕೆ ಫೋಟೋಗ್ರಾಮೆಟ್ರಿ ಎನ್ನುತ್ತಾರೆ. ಒಂದೇ ಜಾಗವನ್ನು ಬೇರೆ ಬೇರೆ ಕೋನದಿಂದ ಹಿಡಿದ ಚಿತ್ರಗಳಲ್ಲಿ ತಾಳೆಯಾಗುವ ಬಿಂದುಗಳನ್ನು ತಂತ್ರಾಂಶ ಹುಡುಕುತ್ತದೆ, ಅವುಗಳ ನಡುವಿನ ದೂರ ಲೆಕ್ಕ ಹಾಕುತ್ತದೆ, ಬಿಂದುಗಳನ್ನು ಪುಟ್ಟ ಪುಟ್ಟ ತ್ರಿಕೋನಗಳಾಗಿ ಹೆಣೆದು ಆ ಹೆಣಿಗೆಯ ಮೇಲೆ ಫೋಟೋದ ಬಣ್ಣ ಹೊದಿಸುತ್ತದೆ. ನಮ್ಮ ಕಣ್ಣಿಗೆ ಅದೊಂದು ಕೋಣೆ. ನಿಜದಲ್ಲಿ ಅದು ಬಣ್ಣ ಬಳಿದ ಸಿಪ್ಪೆ, ಒಳಗೆ ಏನೂ ಇಲ್ಲ.

ಈ ವಿಧಾನಕ್ಕೆ ಕೆಲವು ಸಂಗತಿಗಳು ದಕ್ಕುವುದಿಲ್ಲ. ಹೊಳೆಯುವ ವಸ್ತು ಪ್ರತಿ ಕೋನದಿಂದಲೂ ಬೇರೆಯಾಗಿ ಕಾಣುವುದರಿಂದ ಬಿಂದುಗಳು ತಾಳೆಯಾಗುವುದಿಲ್ಲ. ಹಾಗಾಗಿ ನಾಗಂದಿಗೆಯ ಮೇಲಿನ ಸ್ಟೀಲ್ ಪಾತ್ರೆಗಳೆಲ್ಲ ಕರಗಿದ ಮೇಣದಂತೆ ಜೋತುಬಿದ್ದಿದ್ದವು. ಒಲೆಯ ಹಿಂದಿನ ಗೋಡೆ ಐವತ್ತು ವರ್ಷದ ಮಸಿಯಿಂದ ಕಪ್ಪೋ ಕಪ್ಪು. ಅಲ್ಲಿ ತಂತ್ರಾಂಶಕ್ಕೆ ಹಿಡಿದುಕೊಳ್ಳಲು ಒಂದು ಗುರುತೂ ಸಿಗದೆ ದೊಡ್ಡ ತೂತು ಬಿದ್ದಿತ್ತು. ಒರಳು, ಸೌದೆ, ಊದುಗೊಳವೆ, ಸುಣ್ಣ ಉದುರಿದ ಎಡಗೋಡೆ ಮಾತ್ರ ಮುಟ್ಟುವಷ್ಟು ನಿಜವಾಗಿದ್ದವು.

ಒಲೆಯ ಹತ್ತಿರ ಹೋದಂತೆ ಮಜ್ಜಿಗೆ ಕಡೆಯುವ ಸದ್ದು ಜೋರಾಗುತ್ತಿತ್ತು, ದೂರ ಸರಿದರೆ ಮಳೆಯ ಸದ್ದು ಅದನ್ನು ನುಂಗುತ್ತಿತ್ತು. ಮಸಿಗೋಡೆಯ ತೂತಿನಿಂದ ತೂರಿ ಆಚೆ ಹೋಗಬಹುದಿತ್ತು. ಆಚೆ ಬರೀ ಬೂದು ಬಣ್ಣದ ಬಯಲು. ಅಲ್ಲಿ ನಿಂತು ತಿರುಗಿ ನೋಡಿದರೆ ಇಡೀ ಅಡುಗೆಮನೆ ಸುಲಿದಿಟ್ಟ ತೊಗಟೆಯ ಹಾಗೆ ತೇಲುತ್ತಿತ್ತು. ಗೋಡೆಗೆ ದಪ್ಪವೇ ಇರಲಿಲ್ಲ.

ನರಿಯಾಗಿದ್ದ ಅಮ್ಮ ಒಲೆಯ ಸುತ್ತ ಎರಡು ಸುತ್ತು ಹಾಕಿ ಕೇಳಿದಳು: ‘ಎಲ್ಲ ಇದೆ. ನಾನೇ ಎಲ್ಲೂ ಕಾಣೂದಿಲ್ಲವಲ್ಲೆ?’

‘ಅಜ್ಜಿ, ನೀನು ಒಂದ್ ಕಡೆ ನಿಲ್ಲೋದೇ ಇಲ್ವಲ್ಲ!’ ಎಂದಳು ಹುಡುಗಿ.

ಅಲುಗಾಡುವುದನ್ನು ಈ ಯಂತ್ರ ಗುರುತಿಸುವುದಿಲ್ಲ. ಅಮ್ಮ ಅಡುಗೆಮನೆಯಲ್ಲಿ ಇದ್ದಳು, ಆದರೆ ಕೆಲಸ ಮಾಡುತ್ತಿದ್ದಳು. ಅದಕ್ಕೇ ಲೆಕ್ಕದಿಂದ ಬಿಟ್ಟುಹೋದಳು. ಒಲೆಯ ಬಲಕ್ಕೆ, ನೆಲದ ಹತ್ತಿರ, ಸೀರೆಯ ಬಣ್ಣದ ಒಂದು ಕಲೆ ಮಾತ್ರ ಗಾಳಿಯಲ್ಲಿ ನಿಂತಿತ್ತು.

ಈ ಮಾಧ್ಯಮದ ದೋಷವೇ ಅಲ್ಲಿ ಕೃತಿಯ ಮಾತಾಗಿತ್ತು. ಮನೆಯ ಫೋಟೋ ಆಲ್ಬಮ್ಮುಗಳಲ್ಲಿ ಅಮ್ಮಂದಿರು ಸಿಗದಿರುವುದಕ್ಕೂ ಇದೇ ಕಾರಣವಲ್ಲವೇ ಎಂದು ನನಗೆ ಈಗ ಅನ್ನಿಸುತ್ತಿದೆ. ಆಗ ನಾನು ‘ಚೆನ್ನಾಗಿದೆ ಪುಟ್ಟಿ’ ಎಂದು ಹೇಳಿ ಕಾಫಿ ಲೋಟ ತೊಳೆಯಲು ಎದ್ದಿದ್ದೆ.

*

ಹೀಗೆ ನೋಡುಗರ ಮೈಯನ್ನೇ ಕೃತಿಯೊಳಗೆ ಸೇರಿಸಿಕೊಳ್ಳುವುದು ಹೊಸದಲ್ಲ. ಕೆನಡಾದ ಕಲಾವಿದೆ ಚಾರ್ ಡೇವಿಸ್ 1995ರಲ್ಲಿ ಮಾಂಟ್ರಿಯಲ್‌ನ ಸಮಕಾಲೀನ ಕಲಾ ಮ್ಯೂಸಿಯಂನಲ್ಲಿ ‘ಆಸ್ಮೋಸ್’ ಎಂಬ ವಿಆರ್ ಕೃತಿಯನ್ನು ತೋರಿಸಿದರು. ಡೇವಿಸ್ ಮೊದಲಿಗೆ ಚಿತ್ರ ಬರೆಯುತ್ತಿದ್ದವರು, ಸಮುದ್ರದಾಳಕ್ಕೆ ಇಳಿಯುವ ಅಭ್ಯಾಸವಿದ್ದವರು. ಆ ಕೃತಿಯಲ್ಲಿ ಕೈಗೆ ಯಾವ ಕೋಲೂ ಗುಂಡಿಯೂ ಇಲ್ಲ. ಹೆಡ್‌ಸೆಟ್ಟಿನ ಜೊತೆ ಎದೆಗೊಂದು ಕವಚ ತೊಡಬೇಕು. ಅದು ಉಸಿರನ್ನು ಅಳೆಯುತ್ತದೆ. ಉಸಿರು ಒಳಗೆಳೆದರೆ ಮೇಲೇರುತ್ತೀರಿ, ಬಿಟ್ಟರೆ ಕೆಳಗಿಳಿಯುತ್ತೀರಿ, ಮೈ ಬಾಗಿಸಿದರೆ ದಿಕ್ಕು ಬದಲಾಗುತ್ತದೆ. ಹೀಗೆ ಕಾಡು, ಕೊಳ, ಎಲೆಯ ಒಳಗು, ಮಣ್ಣಿನ ಒಳಗುಗಳನ್ನು ಉಸಿರಾಡುತ್ತಲೇ ಹಾಯಬೇಕು. ಸುಮಾರು ಕಾಲು ಗಂಟೆಯಾದ ಮೇಲೆ ಆ ಲೋಕ ತಾನಾಗಿಯೇ ದೂರ ಸರಿಯುತ್ತದೆ. ಹೊರಗೆ ಕತ್ತಲಲ್ಲಿ ಕೂತವರಿಗೆ ಒಂದು ಪರದೆಯಲ್ಲಿ ಒಳಗಿನವರು ಕಾಣುತ್ತಿರುವ ದೃಶ್ಯ, ಇನ್ನೊಂದರಲ್ಲಿ ಅವರ ನೆರಳು. ಗೋಡೆ, ಚೌಕಟ್ಟು, ಬೆಂಚು ಒಂದೂ ಇಲ್ಲ.

2017ರಲ್ಲಿ ಅಮೆರಿಕದ ಲಾರಿ ಆಂಡರ್ಸನ್ ಮತ್ತು ತೈವಾನಿನ ಹುವಾಂಗ್ ಸಿನ್-ಚಿಯೆನ್ ಸೇರಿ ಮಾಡಿದ ‘ಚಾಕ್‌ರೂಮ್’ನಲ್ಲಿ ಗೋಡೆಗಳಿವೆ, ಆದರೆ ಅವು ಕಪ್ಪು ಹಲಗೆಗಳು. ಸೀಮೆಸುಣ್ಣದಲ್ಲಿ ಬರೆದ ಪದಗಳು ಅಲ್ಲಿಂದ ಕಳಚಿಕೊಂಡು ದೂಳಿನಂತೆ ತೇಲುತ್ತವೆ, ನೋಡುವವರು ಆ ಕೋಣೆಗಳ ನಡುವೆ ಹಾರುತ್ತ ಹೋಗುತ್ತಾರೆ. ಅದಕ್ಕೆ ಆ ವರ್ಷದ ವೆನಿಸ್ ಚಿತ್ರೋತ್ಸವದಲ್ಲಿ ವಿಆರ್ ವಿಭಾಗದ ಪ್ರಶಸ್ತಿ ಬಂತು. ಇಂಥ ಕೃತಿಗಳಿಗೇ ಎಂದು ಕಟ್ಟಿದ ಗ್ಯಾಲರಿಗಳೂ ಇವೆ. ‘ಡಿಜಿಟಲ್ ಮ್ಯೂಸಿಯಂ ಆಫ್ ಡಿಜಿಟಲ್ ಆರ್ಟ್’ ಎಂಬುದನ್ನು ಇಬ್ಬರು ಕಲಾವಿದರು 2013ರಲ್ಲೇ ಹುಟ್ಟುಹಾಕಿದರು. 2020ರಲ್ಲಿ ಜನರಿಗೆ ತೆರೆದುಕೊಂಡ ‘ಮ್ಯೂಸಿಯಂ ಆಫ್ ಅದರ್ ರಿಯಾಲಿಟೀಸ್’ನಲ್ಲಿ ಕೃತಿಯ ಮುಂದೆ ನಿಲ್ಲುವುದಷ್ಟೇ ಅಲ್ಲ, ಅದರ ಒಳಗೇ ಕಾಲಿಡಬಹುದು. ಕೊರೊನಾದಿಂದ ಕಾನ್ ಚಿತ್ರೋತ್ಸವ ನಡೆಯದೆ ಹೋದ ಆ ವರ್ಷ, ಅದರ ವಿಆರ್ ವಿಭಾಗ ನಡೆದದ್ದು ಅಲ್ಲಿಯೇ.

ಇದನ್ನೆಲ್ಲ ಓದಿಕೊಂಡು ನಾನೊಂದು ತೀರ್ಮಾನಕ್ಕೆ ಬಂದಿದ್ದೆ. ವರ್ಚುವಲ್ ಗ್ಯಾಲರಿಯಲ್ಲಿ ಬಿಳಿ ಗೋಡೆ ಕಟ್ಟಿ ಚಿತ್ರ ತೂಗುಹಾಕುವುದು ಕಲ್ಪನೆಯ ಸೋಮಾರಿತನ. ಮೈಗೂ ಜಾಗಕ್ಕೂ ಇರುವ ನಂಟನ್ನು ಮುಟ್ಟುವ ಕೃತಿಯೇ ಇಲ್ಲಿ ಕೃತಿ. ನಮ್ಮ ಹುಡುಗಿಯ ಸಹಪಾಠಿಯೊಬ್ಬನ ಹತ್ತಿರ ಮೊನ್ನೆ ಇದನ್ನೇ ಹೇಳಿದೆ. ಕೊಪ್ಪಳದ ಕಡೆಯವನು. ಅವತ್ತು ಫೋನಿನಲ್ಲೇ ಬೆರಳಿನಿಂದ ಬರೆದ ಆರು ಚಿತ್ರಗಳನ್ನು ಅದೇ ಬಿಳಿ ಗೋಡೆಗೆ ಹಾಕಿದ್ದವನು.

ಅವನು ಪೂರ್ತಿ ಕೇಳಿಸಿಕೊಂಡು ಹೇಳಿದ: ‘ಮೇಡಂ, ನನಗ ಆ ಬಿಳಿ ಗ್ವಾಡಿನ ಬೇಕಾಗಿತ್ರಿ. ನೀವು ನೋಡಿ ನೋಡಿ ಬ್ಯಾಸತ್ತಿರಬಹುದು. ನಮಗ ಅದು ಒಮ್ಮೆನೂ ಸಿಕ್ಕಿದ್ದಿಲ್ಲ.’ ಅವತ್ತು ತನ್ನ ಚಿತ್ರದ ಪಕ್ಕ ತನ್ನ ಬೊಂಬೆಯನ್ನು ನಿಲ್ಲಿಸಿ ತೆಗೆದ ಸ್ಕ್ರೀನ್‌ಶಾಟ್ ಅವನ ತಾಯಿಯ ವಾಟ್ಸಾಪಿನಲ್ಲಿ ಈಗಲೂ ಡಿಪಿ ಆಗಿದೆಯಂತೆ.

ನನ್ನ ತೀರ್ಮಾನವನ್ನು ಅಲ್ಲಿಗೆ ಅರ್ಧ ಮಡಚಿಟ್ಟೆ. ಬಿಳಿ ಗೋಡೆ ಚಿತ್ರ ನೋಡುವ ಅನುಕೂಲಕ್ಕೆ ಇರುವಷ್ಟೇ ‘ಇವನು ಕಲಾವಿದ’ ಎಂದು ಊರಿಗೆ ಹೇಳುವುದಕ್ಕೂ ಇದೆ. ಆ ಮಾತು ಯಾರ ಬಗ್ಗೆ ಈಗಾಗಲೇ ಹೇಳಿಯಾಗಿದೆಯೋ ಅಂಥವರು ಗೋಡೆಯನ್ನು ತಮಾಷೆ ಮಾಡಬಹುದು. ಹೊಸಬರಿಗೆ ಅವಕಾಶ ಎಂದು ವರ್ಚುವಲ್ ಗ್ಯಾಲರಿಗಳು ಹೇಳಿಕೊಳ್ಳುವುದರಲ್ಲಿ ಸತ್ಯವಿದೆ. ಬೆಂಗಳೂರಿನಲ್ಲಿ ಒಂದು ವಾರಕ್ಕೆ ಗ್ಯಾಲರಿ ಬಾಡಿಗೆ, ಚೌಕಟ್ಟು, ಸಾಗಣೆ, ಮೊದಲ ದಿನದ ಚಹಾ ಬಿಸ್ಕತ್ತು ಲೆಕ್ಕ ಹಾಕಿದವರಿಗೆ ಅದು ಗೊತ್ತು. ಕೊಪ್ಪಳದ ಹುಡುಗನಿಗೆ ಆ ಸಂಜೆ ಒಂದು ಪೈಸೆ ಖರ್ಚಾಗಲಿಲ್ಲ.

ನನ್ನ ತಕರಾರು ಹಾಗಾದರೆ ಗೋಡೆಯ ಬಣ್ಣದ ಬಗ್ಗೆ ಅಲ್ಲ. ಆ ಗೋಡೆ ಯಾರದು ಎಂಬುದರ ಬಗ್ಗೆ.

*

ಮೈಕ್ರೋಸಾಫ್ಟ್ ಒಡೆತನದ ಆಲ್ಟ್‌ಸ್ಪೇಸ್‌ವಿಆರ್ ಎಂಬ ವರ್ಚುವಲ್ ತಾಣ 2023ರ ಮಾರ್ಚ್ 10ರಂದು ಮುಚ್ಚಿತು. ಅಲ್ಲಿ ಜನ ಸೇರಿ ಹಬ್ಬ ಮಾಡಿದ್ದರು, ಕಲಾಕೂಟಗಳನ್ನು ನಡೆಸಿದ್ದರು. ಬ್ರೌಸರಿನಲ್ಲೇ ತೆರೆಯುತ್ತಿದ್ದುದರಿಂದ ಕಾಲೇಜುಗಳಿಗೂ ಕಲಾವಿದರಿಗೂ ಕೈಗೆಟುಕುತ್ತಿದ್ದ ಹಬ್ಸ್ ಅನ್ನು ಮೊಜಿಲ್ಲಾ 2024ರ ಮೇ 31ರಂದು ನಿಲ್ಲಿಸಿತು. ಮೂರು ಆಯಾಮದ ಕೃತಿಗಳನ್ನು ಇಡುವ ಕಣಜದಂತಿದ್ದ ಗೂಗಲ್‌ನ ಪಾಲಿ 2021ರ ಜೂನ್ 30ಕ್ಕೆ ಮುಗಿಯಿತು. ಗಾಳಿಯಲ್ಲಿ ಚಿತ್ರ ಬರೆಯುವ ಟಿಲ್ಟ್ ಬ್ರಷ್ 2016ರಲ್ಲಿ ಎಷ್ಟು ಸದ್ದು ಮಾಡಿತ್ತು! 2021ರ ಜನವರಿಯಲ್ಲಿ ಗೂಗಲ್ ಅದನ್ನು ಬೆಳೆಸುವುದನ್ನೇ ಬಿಟ್ಟಿತು.

ಮುಚ್ಚುವುದು ಅಪರಾಧವೇನಲ್ಲ. ಅವು ಮುಂಚಿತವಾಗಿ ತಿಳಿಸಿಯೇ ಮುಚ್ಚಿದವು. ಟಿಲ್ಟ್ ಬ್ರಷ್‌ನ ಮೂಲ ಕೋಡನ್ನು ಗೂಗಲ್ ಎಲ್ಲರಿಗೂ ಬಿಟ್ಟುಕೊಟ್ಟದ್ದರಿಂದ ಆಸಕ್ತರು ಅದನ್ನು ಓಪನ್ ಬ್ರಷ್ ಎಂಬ ಹೆಸರಿನಲ್ಲಿ ಮುಂದುವರಿಸಿದ್ದಾರೆ. ಹಬ್ಸ್‌ನ ಕೋಡೂ ತೆರೆದದ್ದೇ. ಬೀಜ ಉಳಿದರೆ ಮತ್ತೆ ಬಿತ್ತಬಹುದು, ನಿಜ. ಆದರೆ ಬಿತ್ತುವವರು ಬೇಕು, ನೀರು ಕಟ್ಟುವವರು ಬೇಕು. ಮೂರನೇ ವರ್ಷಕ್ಕೆ ಕೆಲಸ ಹುಡುಕಿಕೊಂಡು ಚದುರಿಹೋದ ಬಿವಿಎ ಮಕ್ಕಳು ಸರ್ವರ್ ನಡೆಸಬೇಕೆಂದು ಬಯಸುವುದು ಅತಿಯಾಯಿತು.

ಇದನ್ನು ಯೋಚಿಸುವಾಗೆಲ್ಲ ನನಗೆ ಕಸ್ತೂರ್ಬಾ ರಸ್ತೆಯ ವೆಂಕಟಪ್ಪ ಕಲಾ ಗ್ಯಾಲರಿ ನೆನಪಾಗುತ್ತದೆ. ಸರ್ಕಾರಿ ಗ್ಯಾಲರಿ. ಸೋರುವ ಜಾಗಗಳಿದ್ದವು, ದೀಪ ಸರಿಯಿರುತ್ತಿರಲಿಲ್ಲ. ಆದರೆ ಬಾಡಿಗೆ ಕಡಿಮೆ, ಬಾಗಿಲು ಎಲ್ಲರಿಗೂ ತೆರೆದಿತ್ತು. ಈಗ ಹೆಸರು ಮಾಡಿರುವ ಎಷ್ಟೋ ಕಲಾವಿದರ ಮೊದಲ ಪ್ರದರ್ಶನ ಅಲ್ಲೇ ಆಗಿದ್ದು. ಅದನ್ನು ಖಾಸಗಿ ಪ್ರತಿಷ್ಠಾನವೊಂದರ ಕೈಗೆ ಕೊಡುವ ಒಪ್ಪಂದವನ್ನು ಸರ್ಕಾರ ಮಾಡಿಕೊಂಡಾಗ, 2016ರಲ್ಲಿ ಕಲಾವಿದರು ಒಂದಾಗಿ ಬೀದಿಗಿಳಿದರು. ಆ ಒಪ್ಪಂದ ಕೊನೆಗೂ ಕೈಗೂಡಲಿಲ್ಲ. ಪ್ರತಿಷ್ಠಾನದವರು ಅದೇ ರಸ್ತೆಯಲ್ಲಿ ತಮ್ಮದೇ ಕಟ್ಟಡ ಕಟ್ಟಿದರು. ಆ ಮ್ಯೂಸಿಯಂ, ಅಂದರೆ ಈಗಿನ ಮ್ಯಾಪ್, 2020ರ ಡಿಸೆಂಬರಿನಲ್ಲಿ ಮೊದಲು ಅಂತರ್ಜಾಲದಲ್ಲಿ ತೆರೆದು, 2023ರ ಫೆಬ್ರವರಿಯಲ್ಲಿ ಕಟ್ಟಡದ ಬಾಗಿಲು ತೆರೆಯಿತು.

ಆ ಜಗಳದಲ್ಲಿ ಯಾರು ಎಷ್ಟು ಸರಿ ಎಂಬ ಚರ್ಚೆ ಇಲ್ಲಿ ಬೇಡ. ಜಗಳವಾಡಲು ಒಂದು ಜಾಗವಿತ್ತು ಎಂಬುದಷ್ಟೇ ನನಗೆ ಮುಖ್ಯ. ಗೇಟಿನ ಮುಂದೆ ನಿಲ್ಲಬಹುದಿತ್ತು, ಮಂತ್ರಿಗೆ ಅರ್ಜಿ ಕೊಡಬಹುದಿತ್ತು. ಹುಡುಗಿಯ ಲಿಂಕ್ ಸತ್ತಾಗ ನಾವು ಯಾರ ಗೇಟಿನ ಮುಂದೆ ನಿಲ್ಲಬೇಕು? ಅದು ಸತ್ತದ್ದು ಯಾವ ದಿನವೆಂಬುದೂ ನಮಗೆ ಗೊತ್ತಿಲ್ಲ.

*

ಗೋಡೆ ನಮ್ಮದಲ್ಲ, ಆಗುವ ಸೂಚನೆಯೂ ಇಲ್ಲ. ಹಾಗಿದ್ದ ಮೇಲೆ ನಮ್ಮ ಕೈಯಲ್ಲಿರುವುದನ್ನು ನಾವು ಮಾಡಿದ್ದೇವೆಯೇ?

ನಾನು ‘ಆಸ್ಮೋಸ್’ ನೋಡಿಲ್ಲ. ಅದು ಮೊದಲು ಓಡುತ್ತಿದ್ದ ಸಿಲಿಕಾನ್ ಗ್ರಾಫಿಕ್ಸ್ ಕಂಪನಿಯ ದೈತ್ಯ ಕಂಪ್ಯೂಟರು ಈಗ ಸ್ವತಃ ಮ್ಯೂಸಿಯಂ ವಸ್ತು. ಆದರೂ ಮೇಲೆ ಅದರ ಬಗ್ಗೆ ಅಷ್ಟು ಧೈರ್ಯವಾಗಿ ಬರೆದೆ. ಯಾಕೆಂದರೆ ಒಳಗೆ ಹೋಗಿಬಂದವರು ಬರೆದಿಟ್ಟಿದ್ದಾರೆ. ಕಲಾ ಇತಿಹಾಸಕಾರ ಆಲಿವರ್ ಗ್ರಾವ್ 2003ರಲ್ಲಿ ಇಂಗ್ಲಿಷಿನಲ್ಲಿ ಬಂದ ‘ವರ್ಚುವಲ್ ಆರ್ಟ್’ ಪುಸ್ತಕದಲ್ಲಿ ಅದನ್ನು ವಿಸ್ತಾರವಾಗಿ ವಿವರಿಸಿ, ಹಳೆಯ ಭಿತ್ತಿಚಿತ್ರಗಳ ಪರಂಪರೆಯ ಜೊತೆ ಇಟ್ಟು ನೋಡಿದ್ದಾರೆ. ಯಂತ್ರ ಹೋದ ಮೇಲೂ ಆ ಕೃತಿ ಮಾತಿನಲ್ಲಿ ಉಳಿದಿದೆ.

ನಮ್ಮ ಮಕ್ಕಳ ಪ್ರದರ್ಶನದ ಬಗ್ಗೆ ಯಾರೂ ಒಂದು ಸಾಲು ಬರೆಯಲಿಲ್ಲ. ಆ ವರ್ಷ ಡಿಜಿಟಲ್ ಕಲೆ ಸುದ್ದಿಯಾಗಲಿಲ್ಲ ಎಂದಲ್ಲ. ಮಾರ್ಚಿನಲ್ಲಿ ಬೀಪಲ್ ಎಂಬ ಕಲಾವಿದನ ಕೃತಿ ಕ್ರಿಸ್ಟೀಸ್ ಹರಾಜಿನಲ್ಲಿ 6.93 ಕೋಟಿ ಡಾಲರಿಗೆ ಹೋಯಿತು, ಕೊಂಡವರು ತಮಿಳುನಾಡು ಮೂಲದವರು ಎಂದು ನಮ್ಮ ಪತ್ರಿಕೆಗಳೂ ಬರೆದವು. ಬೆಲೆಯ ಬಗ್ಗೆ ಬರೆದರು, ಚಿತ್ರದಲ್ಲಿ ಏನಿತ್ತು ಎಂದು ಬರೆದವರು ಕಡಿಮೆ. ನಾನಂತೂ ಎರಡನ್ನೂ ಬರೆಯಲಿಲ್ಲ. ಕಲೆಯೆಂದರೆ ಕ್ಯಾನ್ವಾಸಿನ ವಾಸನೆ ಬರಬೇಕು ಎಂದುಕೊಂಡು ಕೂತಿದ್ದೆ. ಯಾವ ಕೃತಿ ಮೂರು ವರ್ಷವೂ ಉಳಿಯದೋ ಅದರ ಬಗ್ಗೆ ತಕ್ಷಣ ಬರೆಯಬೇಕಿತ್ತು. ನೂರು ವರ್ಷ ಉಳಿಯುವ ಚಿತ್ರಕ್ಕೆ ನಾನು ತಡಮಾಡಿದರೂ ನಡೆಯುತ್ತದೆ. ಈ ಸರಳ ಲೆಕ್ಕ ನನಗೆ ಹೊಳೆಯಲಿಲ್ಲ.

ವರ್ಚುವಲ್ ಗ್ಯಾಲರಿಯಲ್ಲಿ ಮೊದಲ ಪ್ರದರ್ಶನ ಮಾಡುವ ಮಕ್ಕಳಿಗೆ ನಾನು ಹೇಳಬಹುದಾದದ್ದು ಇಷ್ಟೇ. ಕೃತಿಯ ಕಡತವನ್ನು ಕಂಪನಿಯ ಹತ್ತಿರ ಮಾತ್ರ ಬಿಡಬೇಡಿ. ಬಂದವರೊಬ್ಬರ ಕೈಯಲ್ಲಿ, ಸಾಧ್ಯವಾದರೆ ಗೊತ್ತಿಲ್ಲದವರ ಕೈಯಲ್ಲಿ, ಒಂದು ಪುಟ ಬರೆಸಿಕೊಳ್ಳಿ. ಬರೆಯುವವರಿಗೆ ಹೇಳುವುದು: ಲಿಂಕ್ ಬಂದರೆ ಒತ್ತಿ. ಅರ್ಧ ಗಂಟೆ ಓಡಾಡಿ. ಮೊದಲ ದಿನವೇ ಬರೆಯಿರಿ.

ಹುಡುಗಿಗೆ ಎರಡು ಪುಟ ಬರೆದು ಕಳಿಸಿದ್ದೇನೆ. ಮೇಲಿನ ವಿವರಗಳ ಜೊತೆಗೆ ಒಂದು ಆಕ್ಷೇಪವನ್ನೂ ಸೇರಿಸಿದ್ದೆ: ಮಳೆ ಮತ್ತು ಕಡೆಗೋಲಿನ ಸದ್ದು ಸಾಕಿತ್ತು, ಅದರ ಮೇಲೆ ಕೊಳಲು ಹಾಕಿ ಕಣ್ಣೀರು ಬರಿಸಲು ಹೋದದ್ದು ಬೇಡವಿತ್ತು. ಕಳಿಸಿದ ಮೇಲೆ ಅಳುಕಾಗಿ, ಬೇಕಾದರೆ ಆ ಸಾಲು ತೆಗೆಯುತ್ತೇನೆ ಎಂದೆ. ‘ಬೇಡ ದೊಡ್ಡಮ್ಮ, ಇರಲಿ. ಅದೊಂದು ಸಾಲು ಓದಿದ್ರೆ ನೀನು ನಿಜವಾಗ್ಲೂ ಬಂದಿದ್ದೆ ಅಂತ ಗೊತ್ತಾಗತ್ತೆ’ ಎಂದಳು.

ಇನ್ನೊಂದು ಸಾಲಿನ ಬಗ್ಗೆ ಮಾತ್ರ ತಕರಾರು ಬಂತು. ಒಲೆಯ ಬಲಕ್ಕೆ ಗಾಳಿಯಲ್ಲಿ ನಿಂತಿದ್ದ ಆ ಕಲೆ ಹಸಿರು ಬಣ್ಣದ್ದು ಎಂದು ಬರೆದಿದ್ದೆ. ಅಮ್ಮನಿಗೆ ಓದಿ ಹೇಳಿದರೆ, ತನ್ನ ಹತ್ತಿರ ಹಸಿರು ಸೀರೆಯೇ ಇಲ್ಲ ಎನ್ನುತ್ತಾಳೆ. ನಾಲ್ಕು ನಿಮಿಷದ ವಿಡಿಯೋದಲ್ಲಿ ಕ್ಯಾಮೆರಾ ಆ ಕಡೆ ತಿರುಗುವುದಿಲ್ಲ. ಫೋಟೋಗಳಿದ್ದ ಹಳೆಯ ಫೋನನ್ನು ಹುಡುಗಿ ಎಕ್ಸ್‌ಚೇಂಜಿಗೆ ಕೊಟ್ಟುಬಿಟ್ಟಿದ್ದಾಳೆ. ಇನ್ನೊಮ್ಮೆ ಫೋಟೋ ತೆಗೆಯೋಣವೆಂದರೆ ಹೋದ ವರ್ಷ ಒಲೆ ಕೆಡವಿ ಗ್ರಾನೈಟ್ ಕಟ್ಟೆ ಹಾಕಿಸಿದ್ದಾಯಿತು. ನನಗೆ ಹಸಿರೆಂದೇ ನೆನಪು. ಅಮ್ಮನ ಮಾತನ್ನೂ ಪಕ್ಕದಲ್ಲಿ ಬರೆದಿಟ್ಟು ಹಾಗೇ ಬಿಟ್ಟಿದ್ದೇನೆ.